ಎಡಗಡೆಯ ಹೆಸರುಗಳು

ತಂಗಿಯ ನೋಟ್‌ಬುಕ್ಕನ್ನು ಕದ್ದು ಓದಿದೆ ಎಂದು ಹೇಳಿದರೆ ಅದೂ ಪೂರ್ತಿ ನಿಜವಲ್ಲ. ನಾನು ನೋಡಿದ್ದು ಒಂದೇ ಪುಟ. ಪೂರ್ತಿ ಓದಿದ್ದರೆ ಇದನ್ನು ಬರೆಯುವ ಪ್ರಸಂಗವೇ ಬರುತ್ತಿರಲಿಲ್ಲ.

ನಾನು ಕಲಿತದ್ದು ಏಳನೆಯ ಇಯತ್ತೆ. ಆಮೇಲೆ ಗಂಗಾವತಿಯ ಅಕ್ಕಿ ಗಿರಣಿ ಸೇರಿದೆ. ಬಂದ ಭತ್ತದ ಚೀಲಕ್ಕೆ ಚೂಪು ತುದಿಯ ಕಬ್ಬಿಣದ ಕೊಳವೆ ಚುಚ್ಚಿ, ಒಂದು ಹಿಡಿ ಕಾಳು ಅಂಗೈಗೆ ಸುರುವಿಕೊಂಡು, ಹಸಿ ಎಷ್ಟು, ಜೊಳ್ಳು ಎಷ್ಟು, ಕಲ್ಲು ಎಷ್ಟು ಎಂದು ಹೇಳುವುದು ನನ್ನ ಕೆಲಸ. ಆ ಒಂದು ಹಿಡಿಯಿಂದಲೇ ಇಡೀ ಲಾರಿಯ ಹಣೆಬರಹ. ಇಪ್ಪತ್ತು ವರ್ಷ ಇದನ್ನೇ ಮಾಡಿದವನಿಗೆ ಸಂಶಯ ಒಂದು ಚಟವಾಗುತ್ತದೆ. ಮೇಲಿನ ಚೀಲ ಒಳ್ಳೆಯದಿದ್ದರೆ ಅಡಿಯದು ಕೆಟ್ಟಿರಲೇಬೇಕು ಅನ್ನಿಸುತ್ತದೆ.

ತಂಗಿ ನನಗಿಂತ ಒಂಬತ್ತು ವರ್ಷ ಚಿಕ್ಕವಳು. ಕಾಲೇಜಿನಲ್ಲಿ ಇತಿಹಾಸ ಪಾಠ ಮಾಡುತ್ತಾಳೆ. ನನ್ನ, ನನ್ನ ಹೆಂಡತಿಯ ಜೊತೆ ನಮ್ಮ ಎರಡು ಕೋಣೆಯ ಮನೆಯಲ್ಲೇ ಇದ್ದಾಳೆ. ಹೋದ ವರ್ಷ ಅಂಚೆಯ ಮೂಲಕ ಇನ್ನೊಂದು ಪದವಿಗೆ ಓದಲು ಶುರು ಮಾಡಿದಳು. ಅದಕ್ಕೆ ಒಂದು ದೊಡ್ಡ ಪ್ರಬಂಧ ಬರೆಯಬೇಕಿತ್ತು. ಕ್ರೈಸ್ತರ ಮೊದಮೊದಲ ಪತ್ರಗಳನ್ನು ಯಾರು ಬರೆದರು, ಯಾರಿಗೆ ಬರೆದರು, ಆ ಊರುಗಳಲ್ಲಿ ಜನ ಹೇಗೆ ಬದುಕುತ್ತಿದ್ದರು ಎಂಬುದು ವಿಷಯ. ಇದನ್ನು ಅವಳು ನನಗೆ ಮೊದಲೇ ಹೇಳಿದ್ದಳು. ನಾನು ನಂಬಲಿಲ್ಲ. ಎರಡು ಸಾವಿರ ವರ್ಷದ ಹಿಂದೆ ಸಮುದ್ರದಾಚೆಯ ಯಾರೋ ಯಾರಿಗೋ ಬರೆದ ಕಾಗದ ಗಂಗಾವತಿಯ ಹುಡುಗಿಗೆ ಯಾಕೆ ಬೇಕು?

ಅವಳು ಕೇಳುತ್ತಿದ್ದ ಪ್ರಶ್ನೆಗಳೂ ಹಾಗೇ ಇದ್ದವು. ಊಟಕ್ಕೆ ಕೂತಾಗ ಒಮ್ಮೆ ಕೇಳಿದಳು, "ಅಣ್ಣಾ, ಸೀರಿ ಅಕ್ಕನ ಪಡಸಾಲ್ಯಾಗ ಒತ್ತಿ ಕುಂತ್ರ ಎಷ್ಟ್ ಮಂದಿ ಹಿಡಿತಾರ?"

"ಯಾಕವ್ವಾ?"

"ಆಗಿನ ಕಾಲಕ್ಕ ಅವರಿಗೆ ಗುಡಿ ಇರಲಿಲ್ಲ. ಯಾರದರ ಮನ್ಯಾಗ ಕೂಡ್ತಿದ್ರು. ಒಬ್ಬರು ಕಾಗದ ಓದೋರು, ಉಳಿದೋರು ಕೇಳೋರು. ಭಾಳ ಮಂದಿಗೆ ಓದಾಕ ಬರ್ತಿರಲಿಲ್ಲ. ನೀ ಇದ್ದಿದ್ರ ಕೇಳೋರ ಕೂಡ ಕುಂತಿರ್ತಿದ್ದಿ ನೋಡು."

ಅವಳು ನಗುತ್ತಲೇ ಹೇಳಿದಳು. ನನ್ನನ್ನು ಹೀಯಾಳಿಸುತ್ತಿದ್ದಾಳೋ, ಕರೆಯುತ್ತಿದ್ದಾಳೋ ಎಂದು ನಾನು ಲೆಕ್ಕ ಹಾಕುತ್ತ ಕೂತೆ.

ಸೀರಿ ಅಕ್ಕ ಎಂದರೆ ನಮ್ಮ ಓಣಿಯ ವಿಧವೆ. ಗಂಟು ಹೊತ್ತು ಮನೆಮನೆಗೆ ಹೋಗಿ ಸೀರೆ ಮಾರುತ್ತಿದ್ದಳು. ಸೋಮವಾರ ಸಂಜೆ ಓಣಿಯ ಹೆಂಗಸರು ಭಜನೆಗೆ ಕೂಡುತ್ತಿದ್ದದ್ದು ಅವಳ ಪಡಸಾಲೆಯಲ್ಲೇ.

ಆಮೇಲೆ ಭಾನುವಾರಗಳು ಶುರುವಾದವು. ತಂಗಿ ಬಸ್ಸು ಹತ್ತಿ ಶ್ರೀರಾಮನಗರದ ಕಡೆಗೆ ಹೋಗುವಳು. ಅಲ್ಲಿ ಕಾಲುವೆ ಪಕ್ಕದ ಒಂದು ಕ್ಯಾಂಪಿನಲ್ಲಿ, ಅಂದರೆ ಆಂಧ್ರದಿಂದ ಬಂದವರು ಕಟ್ಟಿಕೊಂಡ ಊರಿನಲ್ಲಿ, ತೆಲುಗು ಮಾತಾಡುವ ರೈತರದೊಂದು ಸಣ್ಣ ಚರ್ಚು ಇದೆ. ಒಂದು ಭಾನುವಾರ ನಾನು ಮೊಪೆಡ್ಡಿನಲ್ಲಿ ಹಿಂದೆ ಹೋದೆ. ನಾಟಿ ಮುಗಿದ ಗದ್ದೆಯ ಬದುವಿನಲ್ಲಿ ನಿಂತು ನೋಡಿದರೆ, ಚರ್ಚಿನ ಕಟ್ಟೆಯ ಮೇಲೆ ಒಬ್ಬ ಮುದುಕ ಬೆರಳು ಮಡಚುತ್ತ ಏನೋ ಹೇಳುತ್ತಿದ್ದ. ಇವಳು ಬರೆದುಕೊಳ್ಳುತ್ತಿದ್ದಳು. ಒಳಗೆ ಹೋಗಲಿಲ್ಲ, ಕೈ ಮುಗಿಯಲಿಲ್ಲ. ಒಳಗೆ ಹೋಗಲಿಲ್ಲವಲ್ಲ ಎಂದು ಸಮಾಧಾನ ಆಗಬೇಕಿತ್ತು. ನನಗೆ ಅದೇ ಹೆಚ್ಚಿನ ಸಂಶಯ ತಂದಿತು. ನಾನು ಬಂದದ್ದು ಗೊತ್ತಾಗಿದೆ, ಅದಕ್ಕೇ ಹೊರಗೆ ಕೂತಿದ್ದಾಳೆ ಅಂದುಕೊಂಡೆ.

ಮುಂದಿನ ಮಂಗಳವಾರ ದೇವಿಯ ಎಡೆಯ ಹೋಳಿಗೆ ತಂದು ಅವಳ ಮುಂದಿಟ್ಟೆ. ತಿನ್ನದಿದ್ದರೆ ಸಿಕ್ಕಿಬಿದ್ದಳು ಎಂದು ನನ್ನ ಎಣಿಕೆ. ಎರಡು ತಿಂದು ಮೂರನೆಯದಕ್ಕೆ ತುಪ್ಪ ಕೇಳಿದಳು.

"ನಾಟಕ ಮಾಡ್ತಾಳ," ಎಂದು ಹೆಂಡತಿಗೆ ಹೇಳಿದೆ.

"ಹೋಳಿಗಿ ತಿಂದ್ರ ನಾಟಕ, ಬಿಟ್ರ ಕಳುವು. ಬಾಯಿ ಬಿಟ್ಟು ಕೇಳಬಾರ್ದೇನ್ರಿ ಆಕೀನ್ನ?"

ಕೇಳಲಿಲ್ಲ. ತಂಗಿ ಕಾಲೇಜಿಗೆ ಹೋದ ಒಂದು ಮಧ್ಯಾಹ್ನ ಅವಳ ಮೇಜಿನ ನೋಟ್‌ಬುಕ್ಕನ್ನು ನಡುವೆ ತೆರೆದೆ. ಪುಟಕ್ಕೆ ಮೇಲಿಂದ ಕೆಳಗೆ ಗೆರೆ ಹೊಡೆದು ಮೂರು ಸಾಲು ಮಾಡಿದ್ದಳು. ಎಡಗಡೆ ಪರದೇಶದ ಹೆಸರುಗಳು. ನಡುವೆ ಅವರವರ ಕಸುಬು. ಬಲಗಡೆ ನಮ್ಮ ಓಣಿಯವರು. ಬಣ್ಣದ ಬಟ್ಟೆ ಮಾರುವವಳು ಎಂಬುದರ ಎದುರಿಗೆ ಸೀರಿ ಅಕ್ಕ, ಅದರ ಕೆಳಗೆ 'ಮನೆ ಕೊಟ್ಟವಳು, ಎಲ್ಲರೂ ಇಲ್ಲಿ ಕೂಡುತ್ತಾರೆ'. ಡೇರೆ ಹೊಲಿಯುವ ಗಂಡಹೆಂಡತಿ ಎಂಬುದರ ಎದುರಿಗೆ ಯಲಬುರ್ಗಾ ಕಡೆಯಿಂದ ಬಂದು ನಮ್ಮಲ್ಲಿ ನೆಲೆಸಿದ ಕಂಬಳಿ ನೇಯುವ ಜೋಡಿ.

ನಮ್ಮ ಕಡೆ ಧರ್ಮ ಬದಲಿಸಿದವರು ಹೆಸರನ್ನೂ ಬದಲಿಸುತ್ತಾರೆ. ಎರಡು ಹೆಸರಿನಲ್ಲಿ ಬದುಕುವವರನ್ನು ಗಿರಣಿಯಲ್ಲೇ ಕಂಡಿದ್ದೇನೆ. ಎಡಗಡೆಯವು ಓಣಿಯವರಿಗೆ ಇಟ್ಟ ಹೊಸ ಹೆಸರುಗಳು ಎಂದು ನನಗೆ ಆ ಕ್ಷಣದಲ್ಲೇ ಖಾತ್ರಿಯಾಯಿತು. ಹಿಂದಿನ ಪುಟ ನೋಡಲಿಲ್ಲ, ಮುಂದಿನದೂ ನೋಡಲಿಲ್ಲ. ಚೀಲಕ್ಕೆ ಚುಚ್ಚಿ ಒಂದು ಹಿಡಿ ತೆಗೆದಾಗಿತ್ತು. ಫೋನಿನಲ್ಲಿ ಫೋಟೊ ಹೊಡೆದು, ಓಣಿಯ ಹಿರಿಯರೊಬ್ಬರಿಗೆ ತೋರಿಸಿದೆ. ತಂಗಿಯನ್ನು ಉಳಿಸಬೇಕು, ಅಷ್ಟೇ ನನ್ನ ಮನಸ್ಸಿನಲ್ಲಿತ್ತು ಎಂದು ಬಹಳ ದಿನ ನನಗೆ ನಾನೇ ಹೇಳಿಕೊಂಡೆ.

"ನನಗ ಕಳಸು. ನಿನ್ನ ಹೆಸರು ಬರೂದಿಲ್ಲ," ಎಂದರು ಅವರು. ಸಂಜೆಯೊಳಗೆ ಫೋಟೊ, 'ಧರ್ಮ ಬದಲಿಸಿದವರ ಪಟ್ಟಿ' ಎಂಬ ಸಾಲಿನ ಜೊತೆ, ಓಣಿಯ ಎಲ್ಲ ಫೋನುಗಳಲ್ಲಿತ್ತು. ತಂಗಿಯ ಅಕ್ಷರ ಯಾರಿಗೂ ಗೊತ್ತಿರಲಿಲ್ಲ. ಪಟ್ಟಿಯಲ್ಲಿದ್ದವರು ಮಾತ್ರ ಎಲ್ಲರಿಗೂ ಗೊತ್ತು.

ಕಂಬಳಿ ನೇಯುವವನನ್ನು ಚಹಾದಂಗಡಿಯಲ್ಲಿ ಕೆಣಕಿದರು. ಅವನು, "ಹೆಸರು ಬದಲಾದ್ರ ನನ್ನ ಕಂಬಳಿ ಚುಚ್ಚೂದು ಬಿಡತೈತೇನೋ? ಬಿಟ್ರ ಹೇಳ್ರಿ, ಇವತ್ತಽ ಬದಲಿ ಮಾಡ್ಕೊಂತೀನಿ," ಎಂದು ನಗಿಸಿ ಎದ್ದುಹೋದ. ಅವನ ಕಂಬಳಿ ಹೋಗುವುದು ಕುಷ್ಟಗಿ ಸಂತೆಗೆ. ಓಣಿಯ ಹಂಗು ಅವನಿಗಿರಲಿಲ್ಲ. ಸೀರಿ ಅಕ್ಕನಿಗೆ ಇದ್ದದ್ದು ಓಣಿಯ ಬಾಗಿಲುಗಳೇ. ಮೊದಲ ಸೋಮವಾರ ಭಜನೆಗೆ ಇಬ್ಬರು ಬಂದರು, ಎರಡನೆಯದಕ್ಕೆ ಯಾರೂ ಇಲ್ಲ. ಗಂಟು ಹೊತ್ತು ಬಂದರೆ, "ಇವತ್ತ ಬ್ಯಾಡಕ್ಕ" ಎಂದು ಬಾಗಿಲ ಸಂದಿಯಿಂದಲೇ ಹೇಳಿದರು. ತಿಂಗಳು ತುಂಬುವುದರೊಳಗೆ ಮನೆ ಮಾಲೀಕ ಮಗಳ ಬಾಣಂತನದ ನೆಪ ಹೇಳಿ ಮನೆ ಬಿಡಿಸಿದ. ಅವಳು ಕುಷ್ಟಗಿಯಲ್ಲಿದ್ದ ತನ್ನ ತಂಗಿಯ ಮನೆಗೆ ಹೋದಳು.

ಫೋಟೊ ನಮ್ಮ ತಂಗಿಯ ಕಣ್ಣಿಗೆ ಬಿದ್ದದ್ದು ಆಗಲೇ. ಓಣಿಯವರು ಯಾರೂ ಅವಳಿಗೆ ಕಳಿಸಿರಲಿಲ್ಲ, ಕಾಲೇಜಿನಲ್ಲಿ ಯಾರೋ ತೋರಿಸಿದರಂತೆ. ಮನೆಗೆ ಬಂದು ಚಪ್ಪಲಿ ಬಿಡದೆ ಒಳಗೆ ಬಂದಳು.

"ಅಣ್ಣಾ, ಇದರಾಗ ನಮ್ಮ ಮೇಜಿನ ಮ್ಯಾಲೆ ಹಾಸಿದ ಹಾಳಿ ಕಾಣಸ್ತೈತಿ. ಅತ್ತಿಗೆಮ್ಮಗ ಫೋನ್ ಇಲ್ಲ."

ಕೈಯಲ್ಲಿದ್ದ ಫೋನನ್ನು ನಾನು ಬೋರಲು ಇಟ್ಟೆ.

"ಕಾಗದದ ಕೊನಿಗೆ 'ಅವರಿಗೆ ನಮಸ್ಕಾರ ಹೇಳ್ರಿ, ಇವರಿಗೆ ಹೇಳ್ರಿ' ಅಂತ ನಾವು ಬರಿತಿರಲಿಲ್ಲೇನು? ಅವರೂ ಬರದಾರ. ಒಂದಿಷ್ಟು ಆ ಕಾಗದದಾಗಿನ ಹೆಸರು, ಒಂದಿಷ್ಟು ಆಗಿನ ಕಥೆಯಾಗಿನವು. ಬರೇ ಹೆಸರು ಓದಿದ್ರ ಯಾರಂತ ತಿಳೀತೈತಿ? ಬಟ್ಟಿ ಮಾರೂ ಹೆಂಗಸು ಮನಿ ಬಿಟ್ಟುಕೊಟ್ಟಾಳ ಅಂದ್ರ ಆಕೀಗೆ ಊರಾಗ ಎಂಥ ಮಾನ ಇತ್ತು, ಎಂಥ ಧೈರ್ಯ ಇತ್ತು? ನನಗ ಅದು ತಿಳಿದದ್ದು ಸೀರಿ ಅಕ್ಕನ್ನ ನೋಡಿದ ಮ್ಯಾಲೆ. ಅದಕ್ಕ ಎದುರಿಗೆ ಬರಕೊಂಡೆ."

ನೋಟ್‌ಬುಕ್ಕನ್ನು ನನ್ನ ಕೈಗೆ ಕೊಟ್ಟು ಮುಂದಿನ ಪುಟ ತಿರುವಿದಳು. ಅಲ್ಲಿ ಪಟ್ಟಿಯ ಕೊನೆಯವನೊಬ್ಬನಿದ್ದ. ನಡುವಿನ ಸಾಲಿನಲ್ಲಿ, 'ಕಸುಬು ಗೊತ್ತಿಲ್ಲ. ಸಹೋದರ ಎಂದಷ್ಟೇ ಇದೆ' ಎಂದು ಬರೆದಿದ್ದಳು. ಬಲಗಡೆ 'ನಮ್ಮಣ್ಣ' ಎಂದಿತ್ತು.

ಬೈದಿದ್ದರೆ ತಡೆದುಕೊಳ್ಳುತ್ತಿದ್ದೆ. ಅವಳು ಪುಸ್ತಕ ತಿರುಗಿ ತೆಗೆದುಕೊಂಡು ಟ್ರಂಕಿನಲ್ಲಿಟ್ಟು ಕೀಲಿ ಹಾಕಿದಳು. ನಮ್ಮ ಮನೆಯಲ್ಲಿ ಅಲ್ಲಿಯವರೆಗೆ ಯಾರೂ ಯಾವುದಕ್ಕೂ ಕೀಲಿ ಹಾಕಿರಲಿಲ್ಲ. ಹೆಂಡತಿ ಮಾತ್ರ ಒಂದು ಮಾತು ಹೇಳಿದಳು: "ಸೀರಿ ಅಕ್ಕಗ ಯಾರು ಹೇಳೋರು?"

ಎರಡು ವಾರ ತಡೆದೆ. ಸುಳ್ಳೇಕೆ, ಆಗಲೂ ಸಂಶಯ ಪೂರ್ತಿ ಹೋಗಿರಲಿಲ್ಲ. ಕ್ಯಾಂಪಿಗೆ ಹೋಗಿ ಆ ಚರ್ಚಿನ ಮುದುಕನನ್ನೇ ಕಂಡೆ. ಫೋನಿನಲ್ಲಿದ್ದ ಫೋಟೊ ತೆಗೆದು ಎಡಗಡೆಯ ಹೆಸರುಗಳನ್ನು ಓದಿ ತೋರಿಸಿದೆ. ಆತ ತನ್ನ ಹಳೆಯ ಗ್ರಂಥ ತಂದು, ಅವೇ ಹೆಸರುಗಳಿದ್ದ ಪುಟಗಳನ್ನು ಒಂದೊಂದಾಗಿ ತೆಗೆದು ನನ್ನ ಮುಂದಿಟ್ಟ. "ಮೀ ಚೆಲ್ಲೆಲು, ನಿಮ್ಮ ತಂಗಿ, ಭಾಳ ಶಾಣ್ಯಾಕಿ," ಎಂದ. ತಂಗಿಯ ಮಾತು ನಂಬಲು ನನಗೆ ಪರರ ಸಾಕ್ಷಿ ಬೇಕಾಯಿತು. ನನ್ನ ತಪ್ಪುಗಳಲ್ಲಿ ಇದು ಚಿಕ್ಕದಲ್ಲ.

ಮರುದಿನ ಕುಷ್ಟಗಿ ಬಸ್ಸು ಹತ್ತಿದೆ. ಸೀರಿ ಅಕ್ಕ ಅಂಗಳದಲ್ಲಿ ಮೆಣಸಿನಕಾಯಿ ತೊಟ್ಟು ಮುರಿಯುತ್ತಿದ್ದಳು. ನಿಂತುಕೊಂಡೇ ಎಲ್ಲ ಹೇಳಿದೆ. ಅವಳು ತೊಟ್ಟು ಮುರಿಯುವುದನ್ನು ನಿಲ್ಲಿಸಲಿಲ್ಲ.

"ನಾ ಇದು ಆ ಕಂಬಳ್ಯಾನ ಹೇಣ್ತಿ ಕೆಲಸ ಅಂತ ಸಂಶೆ ಮಾಡಿದ್ನೋ ತಮ್ಮಾ. ಆಕೀ ಕೂಡ ಮಾತು ಬಿಟ್ಟೀನಿ."

"ತಪ್ಪಾತಕ್ಕಾ."

"ನನ್ನ ಮುಂದ ಹೇಳಿದ್ರ ಏನ್ ಬಂತು? ನನಗ ಗೊತ್ತಿಲ್ಲೇನು ನಾ ಯಾರಂತ? ಬಾಗಿಲಾ ಹಾಕ್ಯಾರಲ್ಲ, ಅವರ ಮುಂದ ಹೇಳು. ಮಂಗಳವಾರ ಬರ್ತೀನಿ. ಗಂಟು ನೀ ಹೊರಬೇಕು. ಒಂದೊಂದು ಬಾಗಿಲದಾಗ ನಿಂತು, ಫೋಟೊ ಹೊಡದಾಂವ ನಾನು, ತಿಳೀದ ಹೊಡದೆ ಅನ್ನಬೇಕು. ಆಗತೈತೇನು?"

ಮಂಗಳವಾರ ಗಂಟು ಹೆಗಲಿಗೇರಿಸಿದೆ. ಮೊದಲು ಕಂಬಳಿಯವರ ಮನೆ. ಅಲ್ಲಿ ಇಬ್ಬರು ಹೆಂಗಸರೂ ಅತ್ತರು, ನನಗೆ ಕೂತುಕೋ ಎನ್ನಲಿಲ್ಲ. ಎರಡನೆಯ ಮನೆಯಾಕೆ ನನ್ನ ಮಾತು ಪೂರ್ತಿ ಕೇಳಿ, ಮೇಲಿಂದ ಕೆಳಗೆ ನೋಡಿ, "ಹಂಗಾರ ನಿನಗೇನು ಹೆಸರಿಟ್ಟಾರೋ?" ಎಂದಳು. ಒಳಗಿನಿಂದ ಯಾರೋ ಕಿಸಕ್ಕನೆ ನಕ್ಕರು. ತಂಗಿಯ ತಪ್ಪು ಮುಚ್ಚಿಹಾಕಲು ನಾನು ಸುಳ್ಳು ಹೇಳುತ್ತಿದ್ದೇನೆ ಎಂದು ಮೂರನೆಯ ಮನೆಯವರಿಗೆ ಖಾತ್ರಿಯಿತ್ತು. ಪುಟದ ಅರ್ಥ ವಿವರಿಸಿದಷ್ಟೂ ಅವರ ಕಣ್ಣು ಸಣ್ಣದಾಗುತ್ತಿತ್ತು. ಆ ಕಣ್ಣು ನನಗೆ ಹೊಸದಲ್ಲ. ನಾಲ್ಕನೆಯ ಬಾಗಿಲು ನಮ್ಮನ್ನು ನೋಡಿದ್ದೇ ಮುಚ್ಚಿಕೊಂಡಿತು.

"ಬ್ಯಾಡಕ್ಕಾ, ನಂಬೂದಿಲ್ಲ ಇವರು," ಎಂದೆ.

"ನೀ ನಂಬಾಕ ಎಷ್ಟ್ ದಿನ ತಗೊಂಡಿ? ನಡಿ."

ಐದನೆಯ ಮನೆಯ ಮುದುಕಿ ನನ್ನ ಮಾತು ಪೂರ್ತಿ ಕೇಳಿದಳು. ಸೀರಿ ಅಕ್ಕನ ಮುಖ ನೋಡಿದಳು. ಆಮೇಲೆ, "ಮೊಮ್ಮಗಳ ಉಡಿ ತುಂಬೂದೈತಿ. ಹಸರು ಸೀರಿ ಅದಾವೇನ ಗಂಟಿನ್ಯಾಗ?" ಎಂದು ಬಾಗಿಲು ಸರಿಸಿದಳು. ಸೀರಿ ಅಕ್ಕ ಒಳಗೆ ಕಾಲಿಟ್ಟಳು. ನಾನೂ ಹೊಸ್ತಿಲ ಹತ್ತಿರ ಹೋದಾಗ ಮುದುಕಿ ಕೈ ಅಡ್ಡ ಮಾಡಿದಳು.

"ನೀ ಹೊರಗ ನಿಂದ್ರು. ಗಂಟು ಇತ್ತ ಕೊಡು."

ಕೊಟ್ಟೆ.