ಬಾಗಿಲ ಹಿಂದಿನ ಸುಣ್ಣದ ಚುಕ್ಕಿಗಳು

ಆಳಂದದ ನಮ್ಮ ಮನೆಯಲ್ಲಿ, ಅಡುಗೆಕೋಣೆಯ ಬಾಗಿಲ ಹಿಂದಿನ ಹಸಿರು ಗೋಡೆಯ ಮೇಲೆ ನೂರಾ ಐವತ್ತಾರು ಸುಣ್ಣದ ಚುಕ್ಕಿಗಳಿವೆ. ನೋಡಿದವರು ಮಕ್ಕಳ ಆಟ ಅಂದುಕೊಳ್ಳುತ್ತಾರೆ. ಹೋದ ದೀಪಾವಳಿಗೆ ಬಣ್ಣ ಹಚ್ಚಲು ಬಂದವನು, ಇವನ್ನು ಕೆರೆದು ತೆಗೀಲೇನ್ರಿ ಎಂದು ಕೇಳಿದ. "ಮುಟ್ಟಿ ನೋಡು, ಕೈ ಮುರೀತೇನಿ" ಎಂದೆ. ಪಾಪ, ಅವನದೇನು ತಪ್ಪು? ಆದರೆ ಆ ಚುಕ್ಕಿಗಳ ಮಾತು ಬಂದರೆ ನನಗೆ ಇವತ್ತಿಗೂ ಮೈಯೆಲ್ಲ ಉರಿಯುತ್ತದೆ.

ನನ್ನ ತವರು ಅಫಜಲಪುರ. ಮದುವೆಯಾಗಿ ಆಳಂದಕ್ಕೆ ಬಂದಾಗ ನಮ್ಮವರು ಪಂಪಿನ ಮೋಟಾರುಗಳಿಗೆ ಕಾಯಿಲ್ ಸುತ್ತುವ ಸಣ್ಣ ಅಂಗಡಿ ಇಟ್ಟುಕೊಂಡಿದ್ದರು. ನಾವಿದ್ದದ್ದು ಬಾಡಿಗೆಯ ಎರಡು ಕೋಣೆಗಳಲ್ಲಿ. ಮನೆಯ ಒಡತಿ ನಾನು ದಿನಕ್ಕೆ ಎಷ್ಟು ಕೊಡ ನೀರು ತುಂಬಿಕೊಂಡೆ ಎಂದು ಕಟ್ಟೆಯ ಮೇಲೆ ಕೂತು ಎಣಿಸುತ್ತಿದ್ದಳು. ಮಗಳು ಅಂಗಳದಲ್ಲಿ ಒಂದು ಹೂವು ಕಿತ್ತರೂ ರಂಪ. ಒಂದು ದಿನ ಅತ್ತೆ ತಡೆಯಲಾರದೆ ಅಂದುಬಿಟ್ಟರು: "ನಮ್ದ ಅಂತ ನಾಕು ಗ್ವಾಡಿ ಬೇಕು. ಇಕಿ ಎಣಿಸೋ ನೀರು ನಂಗ ಗಂಟಲ್ದಾಗ ಇಳೀವಲ್ದು."

ಪ್ಲಾಟಿಗೆ ಕೂಡಿಟ್ಟ ಹಣ ಸಾಕಾಯಿತು. ಮನೆ ಕಟ್ಟಲು ಕಲಬುರಗಿಯ ಬ್ಯಾಂಕಿನಲ್ಲಿ ಹದಿನೈದು ಲಕ್ಷ ಸಾಲ. ಅಂಗಡಿಯ ಆದಾಯವೊಂದನ್ನೇ ನೋಡಿ ಅವರು ಕೊಡುತ್ತಿರಲಿಲ್ಲ, ತಿಂಗಳ ಪಗಾರದ ಚೀಟಿ ಬೇಕಿತ್ತು. ನಾನು ಲ್ಯಾಬ್ ಟೆಕ್ನಿಷಿಯನ್ ಓದಿದವಳು. ಆಳಂದದಲ್ಲಿ ನನಗೆ ಸಿಗುವ ಸಂಬಳ ಕಂತಿನ ಅರ್ಧಕ್ಕೂ ಸಾಲದು. ಜೇವರ್ಗಿಯ ಒಂದು ಖಾಸಗಿ ಆಸ್ಪತ್ರೆಯಲ್ಲಿ ಹದಿನೆಂಟು ಸಾವಿರ ಕೊಡುತ್ತೇವೆ ಅಂದರು. ಆಳಂದದಿಂದ ಕಲಬುರಗಿಗೆ ಒಂದು ಬಸ್ಸು, ಅಲ್ಲಿಂದ ಜೇವರ್ಗಿಗೆ ಇನ್ನೊಂದು. ಬೆಳಿಗ್ಗೆ ಎಂಟಕ್ಕೆ ಡ್ಯೂಟಿ ಎಂದರೆ ದಿನಾ ಹೋಗಿಬರುವ ಮಾತೇ ಇಲ್ಲ. ಅಲ್ಲೇ ಒಂದು ಕೋಣೆ ಹಿಡಿದೆ. ಮೂರು ವರ್ಷದ ಮಗಳನ್ನು ಅತ್ತೆಯ ಹತ್ತಿರ ಬಿಟ್ಟೆ. ಶನಿವಾರ ಸಂಜೆ ಬರುವುದು, ಸೋಮವಾರ ಮೊದಲ ಬಸ್ಸಿಗೆ ಹೋಗುವುದು. ನೀರು ಎಣಿಸುವವಳ ಕಾಟ ತಪ್ಪಿಸಲು ಸ್ವಂತ ಮನೆ ಕಟ್ಟಿ, ನಾನು ಹೋಗಿ ಇನ್ನೊಬ್ಬರ ಬಾಡಿಗೆ ಕೋಣೆ ಸೇರಿದೆ. ಎಂಥಾ ಶಾಣ್ಯಾತನ ನೋಡಿ.

ಕಂತು ತಿಂಗಳಿಗೆ ಹದಿಮೂರು ಸಾವಿರ, ಇಪ್ಪತ್ತು ವರ್ಷ, ಇನ್ನೂರಾ ನಲವತ್ತು ಕಂತು. ಅತ್ತೆಗೆ ಓದು ಬರಹ ಬಾರದು. ಹರೆಯದಲ್ಲಿ ಮಾದನಹಿಪ್ಪರಗಾದಲ್ಲಿ ಎರಡು ಎಮ್ಮೆ ಕಟ್ಟಿಕೊಂಡು ಹಾಲು ಮಾರಿದವರು. ಹಾಲು ಹಾಕಿದ ಮನೆಗಳ ಬಾಗಿಲ ಹಿಂದೆ ಸೇರಿಗೊಂದು ಸುಣ್ಣದ ಚುಕ್ಕಿ ಇಟ್ಟು, ತಿಂಗಳ ಕೊನೆಗೆ ಎಣಿಸಿ ಹಣ ತರುತ್ತಿದ್ದರು. ಒಂದು ಪೈಸೆ ಆಚೀಚೆ ಆದದ್ದಿಲ್ಲವಂತೆ. ಆಳಂದಕ್ಕೆ ಬಂದ ಮೇಲೆ ಓಣಿಯ ಹೆಂಗಸರ ಭಿಶಿ ನಡೆಸಿದ್ದೂ ಅದೇ ಚುಕ್ಕಿಗಳ ಮೇಲೆ. ಭಿಶಿಯೆಂದರೆ, ಇಪ್ಪತ್ತು ಮಂದಿ ತಿಂಗಳಿಗೆ ಸಾವಿರ ಸಾವಿರ ಹಾಕುವುದು, ಪ್ರತಿ ತಿಂಗಳು ಒಬ್ಬಳು ಇಪ್ಪತ್ತು ಸಾವಿರ ಎತ್ತುವುದು. ಹತ್ತು ತಿಂಗಳಾದರೆ ಅರ್ಧ ಮುಗಿಯಿತು, ಇಪ್ಪತ್ತಾದರೆ ಪೂರಾ ಮುಗಿಯಿತು. ಅದರಲ್ಲಿ ಎಲ್ಲಾ ಕಂತೂ ಒಂದೇ ತೂಕ.

ಮೊದಲ ಕಂತು ಕಟ್ಟಿದ ದಿನ ಅತ್ತೆ ಮೊಮ್ಮಗಳನ್ನು ಸೊಂಟದ ಮೇಲೆ ಎತ್ತಿಕೊಂಡು, ಅವಳ ಬೆರಳನ್ನು ಸುಣ್ಣದಲ್ಲಿ ಅದ್ದಿ ಬಾಗಿಲ ಹಿಂದೆ ಮೊದಲ ಚುಕ್ಕಿ ಇಡಿಸಿದರು. "ಇಂಥಾವು ನೂರಾ ಇಪ್ಪತ್ತು ಆದುವಂದ್ರ ಸಾಲ ಅರ್ಧ ಹರೀತು. ಉಳಿದ ಅರ್ಧ ಒಮ್ಮಿಗೇ ಬ್ಯಾಂಕಿನವ್ರ ಮುಖದ ಮ್ಯಾಲೆ ಒಗದು, ನಿಮ್ಮವ್ವನ್ನ ಕರ್ಕೊಂಡು ಬರೋಣು" ಎಂದರು. ನನಗೂ ನಮ್ಮವರಿಗೂ ಅದು ಬರೋಬರಿ ಲೆಕ್ಕವೇ ಅನ್ನಿಸಿತು. ಹದಿನೈದರಲ್ಲಿ ಅರ್ಧ ಏಳೂವರೆ. ಹತ್ತು ವರ್ಷದಲ್ಲಿ ಏಳೂವರೆ ಲಕ್ಷ ಕೂಡಿಸಿದರೆ ಜೇವರ್ಗಿಯ ಕೋಣೆಗೆ ಬೀಗ. ಬ್ಯಾಂಕಿನ ಲೆಕ್ಕವೂ ಹೀಗೇ ಏನು ಎಂದು ಯಾರನ್ನೂ ಕೇಳಲಿಲ್ಲ. ರಕ್ತದಲ್ಲಿ ಸಕ್ಕರೆ ಎಷ್ಟಿದೆ ಎಂದು ಊರಿನವರಿಗೆಲ್ಲ ಎರಡೆರಡು ಸಲ ಪರೀಕ್ಷಿಸಿ ಹೇಳುವವಳು ನಾನು, ನನ್ನ ಸಾಲವನ್ನು ಮಾತ್ರ ಒಮ್ಮೆಯೂ ಪರೀಕ್ಷಿಸಲಿಲ್ಲ.

ಮಗಳು ಸೋಮವಾರ ಬೆಳಿಗ್ಗೆ ನನ್ನ ಸೆರಗು ಹಿಡಿದು ಅಳುತ್ತಿದ್ದಳು. "ಎಷ್ಟ ಚುಕ್ಕಿ ಉಳ್ದಾವ?" ಎಂದು ಕೇಳುತ್ತಿದ್ದಳು. ನೂರಾ ಹತ್ತು, ತೊಂಬತ್ತು, ಎಪ್ಪತ್ತು. ಎಣಿಸಲು ಕಲಿತದ್ದೇ ಆ ಗೋಡೆಯ ಮೇಲೆ. ಆಮೇಲಾಮೇಲೆ ಅಳುವುದು ಬಿಟ್ಟಳು. ಬಿಟ್ಟಳಲ್ಲ ಎಂದು ನಾನು ಖುಷಿಪಟ್ಟೆ, ಹುಚ್ಚಿ.

ನಾಲ್ಕು ವರ್ಷವಾಗಿತ್ತು. ಒಂದು ಭಾನುವಾರ ಕಟ್ಟೆಯ ಮೇಲೆ ಕೂತು ಮಗಳ ತಲೆಗೆ ಎಣ್ಣೆ ಹಚ್ಚಿ ಜಡೆ ಹಾಕುತ್ತಿದ್ದೆ. ನಮ್ಮವರು ಒಂದು ಕಾಗದ ಹಿಡಿದು ಬಂದರು.

"ಬ್ಯಾಂಕಿಂದ ಬಂದದ. ಬಡ್ಡಿ ಏರ್ಯಾದಂತ. ಕಂತು ಎಂಟ್ನೂರು ಹೆಚ್ಚಿಗಿ ಕಟ್ತೀರೋ, ಇಲ್ಲಾ ಕಂತು ಇದ್ದಂಗ ಇಟ್ಟು ಮುದತು ಏರಿಸೋಣೋ ಅಂತ ಕೇಳ್ಯಾರ."

"ಮುದತು ಅಂದ್ರ?"

"ಹಿಂದ ಒಂದೆರಡು ಕಂತು ಬೀಳ್ತಾವ ಕಾಣ್ತದ. ಅದೇನ್ ಈಗ ಅಲ್ಲ."

ಅಂಗಡಿ ಆಗ ಮಂದವಿತ್ತು, ಮಗಳಿಗೆ ಶಾಲೆಯ ಶೂ ಕೊಳ್ಳಬೇಕಿತ್ತು. "ಇದ್ದಂಗ ಇರ್ಲಿ ಬಿಡ್ರಿ" ಎಂದೆ. ಸಾಲದಲ್ಲಿ ನನ್ನ ಹೆಸರೂ ಇದ್ದದ್ದರಿಂದ ನನ್ನ ಸಹಿಯೂ ಬೇಕಿತ್ತು. ಎಣ್ಣೆಗೈಯಲ್ಲೇ ಹಾಕಿದೆ. ಮಗಳು ತಲೆ ಅಲ್ಲಾಡಿಸಿದಳೆಂದು ಅವಳಿಗೊಂದು ಗದರಿದೆ. ಅಷ್ಟೇ, ಅರ್ಧ ನಿಮಿಷದ ಕೆಲಸ.

ಮಗಳಿಗೆ ಹನ್ನೆರಡಾದಾಗ ಒಂದು ಮಂಗಳವಾರ ಮಧ್ಯಾಹ್ನ ಅತ್ತೆಯ ಫೋನು ಬಂತು. ನಾನು ಊಟದ ಡಬ್ಬಿ ಬಿಚ್ಚಿದ್ದೆ. "ಹುಡುಗಿ ದೊಡ್ಡಾಕಿ ಆಗ್ಯಾಳ. ನೀ ಗಾಬರಿ ಆಗಬ್ಯಾಡ, ನಾ ಎಲ್ಲಾ ಹೇಳಿ ಕೊಟ್ಟೇನಿ" ಎಂದರು. ರಜೆ ಕೇಳಿದೆ. ಡೆಂಗಿ ಹೆಚ್ಚಿದ ಕಾಲ, ಕೊಡಲಿಲ್ಲ. ಶನಿವಾರ ಹೋಗುವಷ್ಟರಲ್ಲಿ ಎಲ್ಲ ಮುಗಿದಿತ್ತು. ಏನಾದರೂ ಕೇಳುವುದಿದೆಯಾ ಅಂದೆ. "ಆಯಿ ಎಲ್ಲಾ ಹೇಳ್ಯಾಳ ಮಮ್ಮಿ" ಎಂದಳು. ಇದ್ದ ಒಬ್ಬ ಮಗಳಿಗೆ ತಾಯಿ ಹೇಳಬೇಕಾದ ಆ ನಾಲ್ಕು ಮಾತನ್ನು ನಾನು ಹೇಳಲಿಲ್ಲ. ಆ ದಿನದ ಕಂತು ಯಾವ ಪಾಸ್‌ಬುಕ್ಕಿನಲ್ಲೂ ಇಲ್ಲ.

ನೂರಾ ಇಪ್ಪತ್ತನೆಯ ಚುಕ್ಕಿ ಹತ್ತಿರ ಬಂತು. ನಮ್ಮವರು ಎರಡು ಲಕ್ಷ ಉಳಿಸಿದ್ದರು, ಅತ್ತೆಯ ಭಿಶಿಗಳಿಂದ ಎರಡು ಲಕ್ಷ. ಉಳಿದದ್ದಕ್ಕೆ ನಾನು ಅಫಜಲಪುರಕ್ಕೆ ಹೋಗಿ, ನನ್ನ ಮದುವೆಯ ಚಿನ್ನದ ಪಾಟ್ಲಿ ಬಳೆಗಳನ್ನೂ ಸರವನ್ನೂ ಅವನ್ನು ಮಾಡಿಕೊಟ್ಟ ಅದೇ ಸರಾಫನಿಗೆ ಮಾರಿದೆ. ಅವ್ವ ಅಂಗಡಿಯ ಹೊರಗೇ ನಿಂತಿದ್ದಳು. ನಾನು ಬಂದ ಮೇಲೆ ನನ್ನ ಬರಿಗೈ ಹಿಡಿದು ನೋಡಿ, "ಹೋಗ್ಲಿ ಬಿಡು, ಕೈ ಜರಾ ಸಣ್ಣು ಕಾಣ್ತಾವ, ಅಷ್ಟ" ಎಂದಳು. ನನಗೆ ಒಂಚೂರೂ ದುಃಖವಾಗಲಿಲ್ಲ. ಊರಿಗೆ ಬರುತ್ತೇನಲ್ಲ! ಆಸ್ಪತ್ರೆಯಲ್ಲಿ ಮುಂದಿನ ತಿಂಗಳು ಬಿಡುತ್ತೇನೆಂದು ಹೇಳಿಯೂ ಆಗಿತ್ತು. ಮಗಳು ತನ್ನ ಅಲ್ಮೇರಾದ ನಡುವಿನ ಖಾನೆ ಖಾಲಿ ಮಾಡಿ, ಪೇಪರ್ ಹಾಸಿ ಇಟ್ಟಿದ್ದಳು. "ಇದು ನಿಂದು" ಎಂದಳು. ಹದಿಮೂರು ವರ್ಷದ ಹುಡುಗಿ, ನಾಚಿಕೊಂಡು ಹೇಳಿದಳು.

ಬ್ಯಾಂಕಿಗೆ ನಾನೂ ನಮ್ಮವರೂ ಹೋದೆವು. ಹೊಸ ಮ್ಯಾನೇಜರ್, ಒಳ್ಳೆಯ ಮನುಷ್ಯ. ಕಂಪ್ಯೂಟರ್ ನೋಡಿ ಹೇಳಿದರು: "ಹನ್ನೊಂದೂವರಿ ಲಕ್ಷ ಉಳ್ದದ್ರಿ."

ನಾನು ನಕ್ಕೆ. ಬೇರೆ ಯಾರದೋ ಖಾತೆ ತೆಗೆದಿದ್ದಾರೆ ಅಂದುಕೊಂಡೆ. "ಸರಿಯಾಗಿ ನೋಡ್ರಿ ಸಾಹೇಬ್ರ. ನೂರಾ ಇಪ್ಪತ್ತು ಕಂತು ಕಟ್ಟೇವಿ. ಒಂದೂ ತಪ್ಪಿಲ್ಲ. ಅರ್ಧ ಮುಗ್ದದ."

"ಕಂತು ಕಟ್ಟೀರಿ, ಖರೆ. ಸಾಲ ಅರ್ಧ ಮುಗ್ದಿಲ್ರಿ ಮೇಡಂ." ಅವರು ಒಂದು ಹಾಳೆ ತೆಗೆದು ಬರೆದು ತೋರಿಸಿದರು. ನನ್ನ ಮೊದಲ ಕಂತಿನ ಹದಿಮೂರು ಸಾವಿರದಲ್ಲಿ ಹತ್ತು ಸಾವಿರದ ಆರುನೂರು ಬಡ್ಡಿಗೆ ಹೋಗಿತ್ತು. ಸಾಲಕ್ಕೆ ಮುಟ್ಟಿದ್ದು ಎರಡು ಸಾವಿರದ ನಾಲ್ಕುನೂರು. ಎರಡನೆಯದೂ ಹೆಚ್ಚುಕಡಿಮೆ ಅಷ್ಟೇ. ಹತ್ತು ವರ್ಷದಲ್ಲಿ ನಾವು ಕಟ್ಟಿದ್ದು ಹದಿನೈದೂವರೆ ಲಕ್ಷದ ಮೇಲೆ, ಪಡೆದ ಸಾಲಕ್ಕಿಂತ ಹೆಚ್ಚು. ಅದರಲ್ಲಿ ಸಾಲ ತೀರಿದ್ದು ಮೂರೂವರೆ ಲಕ್ಷ. ಉಳಿದ ಹನ್ನೆರಡು ಲಕ್ಷ ಬಡ್ಡಿಯ ಹೊಟ್ಟೆಗೆ.

"ಇನ್ನ ಕಂತು ನೂರಾ ಐವತ್ತೆರಡು ಅದಾವ್ರಿ."

"ನೂರಾ ಇಪ್ಪತ್ತು ಇರಬೇಕಲ್ಲ! ಮೂವತ್ತೆರಡು ಎಲ್ಲಿಂದ ಬಂದ್ವು?"

ನನ್ನ ದನಿಗೆ ಕೌಂಟರಿನ ಮುಂದೆ ನಿಂತವರೆಲ್ಲ ತಿರುಗಿ ನೋಡಿದರು. ಬಾಯಿಗೆ ಬಂದದ್ದೆಲ್ಲ ಅಂದೆ. ಓದು ಬಾರದ ಮುದುಕಿ ಸುಣ್ಣದಲ್ಲಿ ಬರೆದ ಲೆಕ್ಕ ತಪ್ಪುವುದಿಲ್ಲ, ನಿಮ್ಮ ಮಷಿನ್ ಸುಳ್ಳು ಹೇಳುತ್ತದೆ, ಬಡವರ ಕಣ್ಣಿಗೆ ಮಣ್ಣೆರಚುತ್ತೀರಿ ಎಂದೆ. ಮ್ಯಾನೇಜರ್ ಫೈಲು ತರಿಸಿ, ಒಂದು ಕಾಗದ ನನ್ನ ಮುಂದೆ ಸರಿಸಿದರು. ಕಂತು ಇದ್ದಂತೆ ಇರಲಿ, ಮುದತು ಏರಿಸಿ ಎಂಬ ಕಾಗದ. ಕೆಳಗೆ ನನ್ನ ಸಹಿ. ಸಹಿಯ ಪಕ್ಕದಲ್ಲಿ ಕೊಬ್ಬರಿ ಎಣ್ಣೆಯ ಹೆಬ್ಬೆಟ್ಟಿನ ಕಲೆ, ಆರು ವರ್ಷವಾದರೂ ಹಾಗೇ ಇತ್ತು.

ತಿಂಗಳಿಗೆ ಎಂಟುನೂರು ರೂಪಾಯಿ ಉಳಿಸಲು ನಾನೇ ನನ್ನ ಎರಡು ವರ್ಷ ಎಂಟು ತಿಂಗಳು ಬರೆದುಕೊಟ್ಟಿದ್ದೆ. ಬೈಯಲು ಯಾರೂ ಸಿಗಲಿಲ್ಲ. ನಮ್ಮವರು ತಲೆ ತಗ್ಗಿಸಿ ಕೂತಿದ್ದರು. ಅವರನ್ನು ಬೈಯಬಹುದಿತ್ತು, ಆದರೆ ಕಾಗದದ ಮೇಲಿನ ಹೆಬ್ಬೆಟ್ಟು ಅವರದಲ್ಲ.

ತಂದ ಏಳೂವರೆ ಲಕ್ಷವನ್ನೂ ಕಟ್ಟಿದೆವು. ಆದರೂ ಇನ್ನೂ ಮೂವತ್ತಾರು ಕಂತು. ಮೂರು ವರ್ಷ. ಪಾಟ್ಲಿ ಹೋಯಿತು, ಭಿಶಿ ಹೋಯಿತು, ನಾನು ಮಾತ್ರ ಎಲ್ಲಿದ್ದೆನೋ ಅಲ್ಲೇ.

ಮನೆಗೆ ಬಂದರೆ ಅತ್ತೆ ಹೋಳಿಗೆ ಮಾಡಿ ಕಾಯುತ್ತಿದ್ದರು. ವಿಷಯ ಕೇಳಿ ನಂಬಲೇ ಇಲ್ಲ. ಬಾಗಿಲ ಹಿಂದೆ ಹೋಗಿ ಬೆರಳಿಟ್ಟು ಒಂದೊಂದೇ ಚುಕ್ಕಿ ಮತ್ತೆ ಎಣಿಸಿದರು. ನೂರಾ ಇಪ್ಪತ್ತು ಸರಿಯಾಗಿ ಬಂತು. "ಎಲ್ಲಾ ಅದಾವಲ್ಲಬೇ" ಎಂದು ನನ್ನ ಮುಖ ನೋಡಿದರು. ಆ ಮುದುಕಿಗೆ ನಾನು ಏನಂತ ಹೇಳಲಿ? ಹಾಲಿನ ಚುಕ್ಕಿ ಬೇರೆ, ಈ ಚುಕ್ಕಿ ಬೇರೆ ಎಂದೆ. "ಹಂಗಂದ್ರ ನಾನೇ ನಿನ್ನ ದಾರಿ ತಪ್ಪಿಸಿದೆ" ಎಂದು ಸೆರಗಿನಿಂದ ಕಣ್ಣೊರೆಸಿಕೊಂಡರು. ಹೋಳಿಗೆ ಯಾರೂ ಮುಟ್ಟಲಿಲ್ಲ.

ಮಗಳು ಮೂವತ್ತಾರು ಎಂಬುದನ್ನು ಕೇಳಿಸಿಕೊಂಡು ಕೋಣೆಗೆ ಹೋದಳು. ಸ್ವಲ್ಪ ಹೊತ್ತಿಗೆ ನಾನು ಹೋಗಿ ನೋಡಿದರೆ, ಅಲ್ಮೇರಾದ ನಡುವಿನ ಖಾನೆಯಲ್ಲಿ ತನ್ನ ಪುಸ್ತಕಗಳನ್ನು ಮತ್ತೆ ಜೋಡಿಸುತ್ತಿದ್ದಳು. ಮುಖದಲ್ಲಿ ಸಿಟ್ಟಿರಲಿಲ್ಲ. ಸಿಟ್ಟು ಮಾಡಿದ್ದರೆ ನಾನು ತಡೆದುಕೊಳ್ಳುತ್ತಿದ್ದೆ. ಸೋಮವಾರ ನಾನು ಜೇವರ್ಗಿಗೆ ಹೋಗಿ, ಕೆಲಸ ಬಿಡುವುದಿಲ್ಲ ಎಂದು ಹೇಳಿದೆ.

ಆ ಮೂರು ವರ್ಷದ ಚುಕ್ಕಿಗಳನ್ನು ಅವಳು ಇಡಲಿಲ್ಲ. ಅತ್ತೆಯೂ ಇಡಲಿಲ್ಲ. ಶನಿವಾರ ಬಂದಾಗ ನಾನೇ ಇಟ್ಟೆ.

ಸಾಲ ಮುಗಿಯಿತು. ಹದಿನೈದು ಲಕ್ಷಕ್ಕೆ ಇಪ್ಪತ್ತೆಂಟು ಲಕ್ಷದ ಹತ್ತಿರ ಕಟ್ಟಿದ್ದೇವೆ. ಮನೆಯ ಪತ್ರ ವಾಪಸು ಕೊಡುವಾಗ ಬ್ಯಾಂಕಿನವರು ನಗುನಗುತ್ತಾ ಅಭಿನಂದನೆ ಹೇಳಿದರು. ಬಸ್ಸಿನಲ್ಲಿ ಬರುತ್ತಾ ನಾನು ನನ್ನದೇ ಇನ್ನೊಂದು ಲೆಕ್ಕ ಹಾಕಿದೆ. ಹದಿಮೂರು ವರ್ಷದ ಶನಿವಾರ, ಭಾನುವಾರ, ಹಬ್ಬ ಎಲ್ಲ ಕೂಡಿಸಿದರೆ ನಾನು ಆ ಮನೆಯಲ್ಲಿ ಇದ್ದದ್ದು ನಾಲ್ಕು ವರ್ಷವೂ ಇಲ್ಲ. ಅಡುಗೆಕೋಣೆಯಲ್ಲಿ ಚಹಾಪುಡಿಯ ಡಬ್ಬಿ ಎಲ್ಲಿದೆ ಎಂದು ಇವತ್ತಿಗೂ ಅತ್ತೆಯನ್ನು ಕೇಳುತ್ತೇನೆ.

ನಾನು ಗಂಟುಮೂಟೆ ಕಟ್ಟಿಕೊಂಡು ಬರುವ ಹೊತ್ತಿಗೆ ಮಗಳ ಹತ್ತನೆಯ ತರಗತಿ ಮುಗಿದಿತ್ತು. ಕಲಬುರಗಿಯಲ್ಲಿ ಪಿಯುಸಿಗೆ ಸೀಟು, ಹಾಸ್ಟೆಲು ಎರಡೂ ಆಗಿತ್ತು. ಫಾರ್ಮು ತಾನೇ ತುಂಬಿದ್ದಳು, ಅಪ್ಪನ ಸಹಿ ಹಾಕಿಸಿದ್ದಳು. ನನ್ನನ್ನು ಯಾಕೆ ಕೇಳಲಿಲ್ಲ ಅಂದೆ.

"ಅವತ್ತ ಬುಧವಾರ ಇತ್ತು ಮಮ್ಮಿ."

"ಆಳಂದದಾಗೂ ಕಾಲೇಜ್ ಅದಾವಲ್ಲ? ಈಗ ನಾ ಮನ್ಯಾಗೇ ಇರ್ತೇನಿ."

ಅವಳು ನನ್ನನ್ನು ನೋಡಿದ ರೀತಿಯಲ್ಲಿ ಕೆಟ್ಟದ್ದೇನೂ ಇರಲಿಲ್ಲ. ಮನೆಗೆ ಬಂದ ನೆಂಟರ ಮನಸ್ಸು ನೋಯಬಾರದೆಂದು ನೋಡುವ ಹಾಗೆ ನೋಡಿದಳು. "ನೀ ಇರು ಮಮ್ಮಿ, ಆರಾಮಿರು. ನಿನ್ನ ಸಲುವಾಗಿ ಅಲ್ಮೇರಾ ಪೂರಾ ಖಾಲಿ ಮಾಡೇನಿ" ಎಂದಳು.

ಅವಳು ಹೋದ ಮೇಲೆ ಅಲ್ಮೇರಾದ ಬಾಗಿಲು ತೆಗೆದು ನೋಡಿದೆ. ಐದು ಖಾನೆಗಳಲ್ಲೂ ಹೊಸ ಪೇಪರ್ ಹಾಸಿದ್ದಳು. ನನ್ನ ಸೀರೆಗಳಿಗೆ ಒಂದೇ ಖಾನೆ ಸಾಕಾಯಿತು. ಉಳಿದ ನಾಲ್ಕರಲ್ಲಿ ಇಡಲು ನನ್ನ ಹತ್ತಿರ ಏನೂ ಇಲ್ಲ.