ಸುಗುಣತ್ತೆಗೆ ಸಿಗದ ತಾರೀಕು

ಕಳೆದ ಭಾನುವಾರ ಬೆಳಿಗ್ಗೆ ಕುಣಿಗಲ್ ಬಸ್ ಸ್ಟ್ಯಾಂಡಿನಲ್ಲಿ ತುಮಕೂರಿನ ಬಸ್ಸಿಗೆ ಕಾಯುತ್ತಿದ್ದಾಗ ಕುದುರೆಗಳನ್ನು ಹೊತ್ತ ಲಾರಿಯೊಂದು ಎದುರಿಗೆ ಹಾದುಹೋಯಿತು. ಒಣಹುಲ್ಲು, ಬೆವರು, ಲದ್ದಿ ಎಲ್ಲ ಬೆರೆತ ವಾಸನೆ. ಪಕ್ಕದಲ್ಲಿ ನಿಂತವರು ಮೂಗು ಮುಚ್ಚಿಕೊಂಡರು. ನನಗೆ ಮಾತ್ರ ಕ್ರೈಸ್ತಧರ್ಮದ ಇತಿಹಾಸ ನೆನಪಾಯಿತು. ನಗಬೇಡಿ. ಕುದುರೆ ಫಾರಂ ಇರುವ ಊರಿನ ಕಾಲೇಜಿನಲ್ಲಿ ಇಷ್ಟು ವರ್ಷ ಪಾಠ ಹೇಳಿದ್ದರೂ, ಕುದುರೆ ಎಂದರೆ ನನಗೆ ಇವತ್ತಿಗೂ ಗುಬ್ಬಿಯ ಸುಗುಣತ್ತೆ.

ಸುಗುಣತ್ತೆ ನನ್ನ ಅಪ್ಪನ ತಂಗಿ. ಮದುವೆಯಾಗಲಿಲ್ಲ. ಯಾಕೆ ಎಂದರೆ, "ನೋಡೋಕ್ ಬಂದೋರ್ಗೆಲ್ಲ ನನ್ ಮಾತು ಮುಗಿಯೋ ತನಕ ಕೂತ್ಕೊಳ್ಳೋಕ್ ಪುರುಸೊತ್ತಿರ್ಲಿಲ್ಲ ಬುಡು" ಎನ್ನುತ್ತಿದ್ದಳು. ಗುಬ್ಬಿಯ ನಮ್ಮ ಚರ್ಚಿನ ಪಕ್ಕದ ಕೊಠಡಿಯಲ್ಲಿ ಮಕ್ಕಳಿಗೆ ಸಂಡೆ ಸ್ಕೂಲ್ ನಡೆಸುವುದೇ ಅವಳ ಸಂಸಾರ. ಪುರುಸೊತ್ತಿರಲಿ ಬಿಡಲಿ, ಅಲ್ಲಿ ಕೂತು ಕೇಳಲೇಬೇಕಾದವರು ನಾವು.

ಅವಳ ಪಾಠದಲ್ಲಿ ಆದಾಮನಿಗಿಂತ ಹೆಚ್ಚು ಹೊತ್ತು ಸಿಗುತ್ತಿದ್ದುದು ಕುದುರೆ ಪಾದ್ರಿಗೆ. ಮುನ್ನೂರು ವರ್ಷಕ್ಕೆ ಸ್ವಲ್ಪ ಕಮ್ಮಿ ಹಿಂದೆ, ಇಂಗ್ಲೆಂಡಿನಲ್ಲಿ ಅವನೊಬ್ಬ ಪಾದ್ರಿ. ಓದಿದವನು, ನೇಮನಿಷ್ಠೆಯವನು, ಆದರೆ ಎದೆ ಮಾತ್ರ ತಣ್ಣಗೆ. ಹಡಗಿನಲ್ಲಿ ಅಮೆರಿಕಕ್ಕೆ ಹೊರಟಾಗ ಬಿರುಗಾಳಿ ಎದ್ದು ಹಾಯಿಪಟ ಹರಿದುಹೋಯಿತು. "ಪಾದ್ರಿ ಗಡಗಡ ನಡುಗ್ತಾ ಅವ್ನೆ. ಪಕ್ಕದಲ್ಲೇ ಜರ್ಮನಿ ಕಡೆಯೋರು, ಹೆಂಗಸ್ರು ಮಕ್ಕಳ ಸಮೇತ. ಅವ್ರೇನ್ ಮಾಡ್ತಾ ಇದ್ರು?" ಎಂದು ಅತ್ತೆ ನಿಲ್ಲಿಸುತ್ತಿದ್ದಳು. ನಾವೆಲ್ಲ ಒಟ್ಟಿಗೆ "ಹಾಡ್ತಾ ಇದ್ರು" ಎನ್ನಬೇಕು. ಅಷ್ಟು ಹೇಳದೆ ಹಡಗು ಮುಂದೆ ಹೋಗುತ್ತಿರಲಿಲ್ಲ.

ಆ ಹಾಡು ಅವನ ಕಿವಿಯಿಂದ ಹೋಗಲೇ ಇಲ್ಲ. ಊರಿಗೆ ವಾಪಸಾದ ಮೇಲೆ ಒಂದು ಸಂಜೆ ಒಲ್ಲದ ಮನಸ್ಸಿನಿಂದಲೇ ಒಂದು ಸಣ್ಣ ಕೂಟಕ್ಕೆ ಹೋದ. ಅಲ್ಲಿ ಯಾರೋ ಏನೋ ಓದುತ್ತಿದ್ದಾಗ, ಒಂಬತ್ತಕ್ಕೆ ಕಾಲು ಗಂಟೆ ಇರುವಾಗ, ಅವನ ಎದೆ ಬೆಚ್ಚಗಾಯಿತು. ಬೆಚ್ಚಗಾದ ಎದೆಯವರನ್ನು ದೊಡ್ಡ ಚರ್ಚುಗಳು ಒಳಕ್ಕೆ ಬಿಟ್ಟುಕೊಳ್ಳಲಿಲ್ಲ. ಸರಿ, ಬಯಲಿನಲ್ಲಿ ನಿಂತು ಸುವಾರ್ತೆ ಹೇಳಿದ, ಕುದುರೆ ಹತ್ತಿ ಊರೂರು ತಿರುಗಿದ. ಕಲ್ಲಿದ್ದಲು ಗಣಿಯ ಕೂಲಿಗಳು ಕೇಳಿ ಅತ್ತರೆ ಮಸಿ ಹಿಡಿದ ಕೆನ್ನೆಯ ಮೇಲೆ ಬಿಳೀ ಗೆರೆ ಮೂಡುತ್ತಿತ್ತಂತೆ. ಆಮೇಲೆ ಓದಿ ತಿಳಿದುಕೊಂಡೆ, ಗಣಿಯವರ ಹತ್ತಿರ ಮೊದಲು ಹೋದವನು ಅವನಲ್ಲ, ಅವನ ಗೆಳೆಯ. ಅತ್ತೆ ಇಬ್ಬರನ್ನೂ ಒಂದೇ ಕುದುರೆಯ ಮೇಲೆ ಕೂರಿಸಿದ್ದಳು. ಆ ಕುದುರೆ ಎಲ್ಲಿಯದು ಎಂದು ನಾನೊಮ್ಮೆ ಕೇಳಿದ್ದಕ್ಕೆ, "ಕುಣಿಗಲ್ಲಿಂದು ಕಣೋ, ಒಳ್ಳೆ ಕುದುರೆ ಇನ್ನೆಲ್ಲಿ ಸಿಗ್ತದೆ?" ಎಂದಿದ್ದಳು.

ಅದೇ ಕುದುರೆ ಪಾದ್ರಿಯ ಪಂಥದವರು ಮುಂದೆ ಗುಬ್ಬಿಗೂ ಬಂದರು. ಅಲ್ಲಿಂದ ಇತಿಹಾಸ ನಮ್ಮ ಮನೆಯೊಳಕ್ಕೆ ನುಗ್ಗುತ್ತದೆ. ನಮ್ಮ ಮುತ್ತಾತ ಸಂತೆಯಲ್ಲಿ ಕಂಬಳಿ ಮಾರುತ್ತಿದ್ದ. ಬಿಳೀ ಪಾದ್ರಿ ನಿಂತು ಬೋಧಿಸುತ್ತಿದ್ದುದು ಇವನ ಪಕ್ಕದಲ್ಲೇ. ಎದ್ದು ಹೋಗೋಣವೆಂದರೆ ಜಾಗ ಕೈತಪ್ಪುತ್ತದೆ. ಹಾಗಾಗಿ ಸಂತೆ ಸಂತೆಗೂ ಬೋಧನೆ ಕೇಳಿದ. ಪಾದ್ರಿ ಕಷ್ಟಪಟ್ಟು ಕನ್ನಡ ಕಲಿತವನು. ಮಾತಿನ ನಡುವೆ ಪದ ಸಿಗದೆ ತಡವರಿಸಿ ನಿಲ್ಲುತ್ತಿದ್ದ. ಜನ ನಗುತ್ತಿದ್ದರು. ಮುತ್ತಾತನಿಗೆ ಅದನ್ನು ಸಹಿಸಲಾಗಲಿಲ್ಲ. ವ್ಯಾಪಾರ ಮಾಡುತ್ತಲೇ ಕಂಬಳಿ ರಾಶಿಯ ಹಿಂದಿನಿಂದ ಬೇಕಾದ ಪದ ಎತ್ತಿಕೊಡತೊಡಗಿದ. ಒಂದು ಸಂತೆಗೆ ಒಂದು ಪದ, ಆಮೇಲೆ ನಾಲ್ಕು, ಆಮೇಲೆ ಪೂರಾ ವಾಕ್ಯ. ಕೊನೆಗೆ ಯಾರು ಬೋಧಿಸುತ್ತಿದ್ದಾರೆ, ಯಾರು ಕಂಬಳಿ ಮಾರುತ್ತಿದ್ದಾರೆ ಎಂಬುದೇ ತಿಳಿಯದಂತಾಯಿತಂತೆ. ಯಾವ ಸಂತೆಯ ದಿನ ಅವನು ನಂಬಿದ? "ಯಾರಿಗೂ ಗೊತ್ತಿಲ್ಲ," ಎಂದು ನಾವು ಕೂಗಬೇಕು. ಆಗ ಕ್ಲಾಸು ಮುಗಿಯುವ ಬೆಲ್ಲು.

ಇಷ್ಟೆಲ್ಲ ಪೀಠಿಕೆ ಯಾಕೆಂದರೆ, ಕೆಲವು ವರ್ಷಗಳ ಹಿಂದೆ ಗುಬ್ಬಿಗೆ ಹೊಸ ಸಭಾಪಾಲಕರು ಬಂದರು. ಹಾಗಲವಾಡಿ ಕಡೆಯ ತೆಂಗಿನ ತೋಟದ ಮನೆಯವರು, ದೊಡ್ಡವರಾದ ಮೇಲೆ ಕ್ರೈಸ್ತರಾದವರು. ಯಾವ ದಿನ, ಯಾವ ಹೊತ್ತಿನಲ್ಲಿ ಎದೆ ಬೆಚ್ಚಗಾಯಿತು ಎಂಬುದನ್ನು ಕಣ್ಣಲ್ಲಿ ನೀರು ತಂದುಕೊಂಡು ಹೇಳುತ್ತಿದ್ದರು. ಅದು ನಾಟಕವಲ್ಲ, ಮನಸ್ಸಿನ ಮಾತು. ಅವರೊಂದು ನಿಯಮ ತಂದರು: ಸಂಡೆ ಸ್ಕೂಲಿನಲ್ಲಿ ಪಾಠ ಹೇಳುವವರು ಸಭೆಯಲ್ಲಿ ಎದ್ದುನಿಂತು, ತಾವು ರಕ್ಷಣೆ ಹೊಂದಿದ, ಅಂದರೆ ಮನಸಾರೆ ಯೇಸುವನ್ನು ನಂಬಿದ, ದಿನವನ್ನು ಹೇಳಿ ಸಾಕ್ಷಿ ಕೊಡಬೇಕು. ಕೊಡದವರಿಗೆ ಕ್ಲಾಸಿಲ್ಲ.

ಅತ್ತೆಗೆ ತಾರೀಕೇ ಇರಲಿಲ್ಲ. ತೊಟ್ಟಿಲಲ್ಲೇ ಕೀರ್ತನೆ ಕೇಳಿ ಬೆಳೆದವಳು ಯಾವ ದಿನವೆಂದು ಹೇಳಿಯಾಳು? ಮಾರನೆಯ ದಿನವೇ ಬಸ್ಸು ಹತ್ತಿ ಕುಣಿಗಲ್ಲಿಗೆ ನಮ್ಮ ಮನೆಗೆ ಬಂದಳು.

"ನೀನು ಓದಿದೋನು. ಯೋಚ್ನೆ ಮಾಡಿ ಹೇಳ್ಲಾ, ನಂಗೆ ಯಾವತ್ತಾಗಿರ್ಬೋದು?"

ಇಬ್ಬರೂ ಕಾಫಿ ಕುಡಿಯುತ್ತ ಅವಳ ಆಯುಷ್ಯವನ್ನೆಲ್ಲ ಜಾಲಾಡಿದೆವು. ಟೈಫಾಯಿಡ್ ಬಂದು ಬದುಕಿದ ದಿನ? ಅದು ಡಾಕ್ಟರ ದಯೆ ಎಂದಳು. ನಮ್ಮಮ್ಮ ಅವಳ ಸರ ಇಸಕೊಂಡು ಕಳೆದುಹಾಕಿದ್ದನ್ನು ಕ್ಷಮಿಸಿದ ದಿನ?

"ಅದಿನ್ನೂ ಆಗಿಲ್ಲ ಬುಡು."

"ಯಾವ್ದೋ ಒಂದು ತಾರೀಕು ಹೇಳ್ಬಿಡತ್ತೆ. ಯಾರು ನೋಡಿದಾರೆ?" ಎಂದೆ.

ಅತ್ತೆ ಲೋಟ ಕೆಳಗಿಟ್ಟಳು. "ಸುಳ್ಳು ತಾರೀಕು ಹೇಳ್ಬುಟ್ಟು ಮಕ್ಕಳ ಮುಂದೆ ಹೆಂಗ್ಲಾ ನಿಂತ್ಕೊಳ್ಳಲಿ? ಕ್ಲಾಸ್ ಹೋದ್ರೆ ಭಾನುವಾರ ಮನೇಲಿ ಕೂತು ನಾನೇನ್ ಮಾಡ್ಲಿ, ಅದನ್ ಹೇಳು," ಎಂದಳು. ಕಾಫಿ ಅರ್ಧಕ್ಕೇ ಬಿಟ್ಟು ಬಸ್ ಸ್ಟ್ಯಾಂಡಿಗೆ ಹೊರಟಳು.

ಆ ಭಾನುವಾರ ನಾನೂ ಗುಬ್ಬಿಗೆ ಹೋದೆ. ಹಬ್ಬಕ್ಕೊಮ್ಮೆ ಮುಖ ತೋರಿಸುವವನು, ಹಿಂದಿನ ಬೆಂಚಿನಲ್ಲಿ ಕೂತೆ. ಅತ್ತೆ ಎದ್ದುನಿಂತು ಮೈಕು ಹಿಡಿದು ಹಡಗಿನಿಂದಲೇ ಶುರುಮಾಡಿದಳು. ಬಿರುಗಾಳಿ ಬಂತು, ಗಣಿ ಬಂತು, ಕುದುರೆ ಬಂತು. ಸಭಾಪಾಲಕರು ವಾಚು ನೋಡಿಕೊಂಡರು. ಹೊರಗೆ ಎಲ್ಲರಿಗೆಂದು ಮಾಡಿಟ್ಟಿದ್ದ ಟೀ ಆರಿತು. ಕಂಬಳಿ ಮುತ್ತಾತನ ಹತ್ತಿರ ಬಂದಾಗ ಅವಳ ದನಿ ತಗ್ಗಿತು.

"ಅಯ್ನೋರೇ, ನಿಮ್ಗೆ ತಾರೀಕೈತೆ, ಸಂತೋಷ. ನಮ್ ತಾತ ಪದ ಎತ್ಕೊಡ್ತಾ ಎತ್ಕೊಡ್ತಾ ನಂಬ್ಬುಟ್ಟ. ನಾನು ಮಕ್ಕಳಿಗೆ ಹೇಳ್ಕೊಡ್ತಾ ಹೇಳ್ಕೊಡ್ತಾ ನಂಬಿದೀನಿ. ಇನ್ನೂ ಪೂರಾ ಮುಗ್ದಿಲ್ಲ. ಕ್ಲಾಸ್ ಕಿತ್ಕೊಂಡ್ರೆ ಅಲ್ಲಿಗೇ ನಿಂತೋಯ್ತದೆ."

ಕೂತುಕೊಂಡಳು. ಸಭಾಪಾಲಕರು ಕಣ್ಣು ಮುಚ್ಚಿ ಪ್ರಾರ್ಥನೆಗೆ ತೊಡಗಿದರು. ನಮ್ಮಲ್ಲಿ ಪ್ರಾರ್ಥನೆ ಪುಸ್ತಕ ನೋಡಿ ಓದುವುದಲ್ಲ, ಬಾಯಿಗೆ ಬಂದದ್ದೇ ಪ್ರಾರ್ಥನೆ. ಅಂದು ಅವರ ಬಾಯಿಗೆ ಬರಲಿಲ್ಲ. "ಕರ್ತನೇ, ಈ ತಾಯಿಯ ಸೇವೆಯನ್ನು..." ಎಂದು ನಿಂತರು. ನಿಯಮ ಮಾಡಿದವರಿಗೇ ಮುಂದೇನು ಹೇಳಬೇಕೋ ತಿಳಿಯಲಿಲ್ಲ. ಮುಂದಿನ ಬೆಂಚಿನಿಂದ, ಕಣ್ಣು ಮುಚ್ಚಿಕೊಂಡೇ, ಅತ್ತೆ ಮೆಲ್ಲಗೆ ಎತ್ತಿಕೊಟ್ಟಳು: "ಮುಂದುವರಿಸು."

"...ಮುಂದುವರಿಸು," ಎಂದರು ಸಭಾಪಾಲಕರು. ಸಭೆಯೆಲ್ಲ ಆಮೆನ್ ಎಂದಿತು. ದೇವರ ಮುಂದೆ ಹೇಳಿದ ಮಾತು, ಹಿಂದಕ್ಕೆ ತೆಗೆದುಕೊಳ್ಳುವಂತಿಲ್ಲ. ಆರಿದ ಟೀ ಕುಡಿಯುವಾಗ ಅವರೇ ಮೊದಲು ನಕ್ಕರು.

ಇಷ್ಟು ನೆನಪಾಗುವಷ್ಟರಲ್ಲಿ ಬಸ್ಸು ಬಂತು. ತುಮಕೂರಿನಲ್ಲಿ ಇಳಿದು ಗುಬ್ಬಿ ಬಸ್ಸು ಹಿಡಿದೆ. ಅತ್ತೆಗೆ ಮೊಣಕಾಲಿನ ಆಪರೇಷನ್ ಆಗಿದೆ. "ಇದೊಂದು ಭಾನುವಾರ ಕ್ಲಾಸು ನೀನೇ ತಗೊಳ್ಳೋ" ಎಂದು ಫೋನಿನಲ್ಲಿ ಅಪ್ಪಣೆ ಕೊಡಿಸಿದ್ದಳು. ನನಗೆ ತಾರೀಕೂ ಇಲ್ಲ, ನಂಬಿಕೆಯೂ ಅರೆಬರೆ. ಸಭಾಪಾಲಕರು ನನ್ನನ್ನು ಏನೂ ಕೇಳಲಿಲ್ಲ. ಕೊಠಡಿಯ ಬೀಗದ ಕೈ ಕೊಟ್ಟರು.

ಮಕ್ಕಳ ಮುಂದೆ ಹಡಗು ಬಿಟ್ಟೆ, ಕುದುರೆ ಓಡಿಸಿದೆ. ಮುತ್ತಾತನ ಹತ್ತಿರ ಬಂದಾಗ ಪಕ್ಕದಲ್ಲಿ ಅತ್ತೆಯ ಖಾಲಿ ಕುರ್ಚಿ ಕಂಡಿತು. "ಅವರು ಯಾವತ್ತು ನಂಬಿದರು ಅಂದ್ರೆ..." ಎಂದು ನಿಂತೆ. ಮುಂದಿನ ಪದ ಬರಲಿಲ್ಲ.

"ಯಾರಿಗೂ ಗೊತ್ತಿಲ್ಲ ಸಾರ್," ಎಂದು ಮಕ್ಕಳೆಲ್ಲ ಎತ್ತಿಕೊಟ್ಟರು.

ಎದೆಯಲ್ಲಿ ಏನೋ ಆಯಿತು. ಏನೆಂದು ಹೇಳಲಾರೆ. ಯಾವುದಕ್ಕೂ ಇರಲಿ ಎಂದು ಗೋಡೆಯ ಗಡಿಯಾರದ ಕಡೆ ನೋಡಿದೆ. ಅದು ಯಾವತ್ತೋ ನಿಂತುಹೋಗಿತ್ತು. ಮುಂದಿನ ಭಾನುವಾರ ಬರುವಾಗ ಅದಕ್ಕೊಂದು ಸೆಲ್ಲು ತಂದು ಹಾಕಬೇಕು.