ಎ ಸೆಕ್ಷನ್ನಿನ ಕುದುರೆ ಮಿಸ್

ಸೀಮೆಸುಣ್ಣ ಮೆತ್ತಿದ ಬಲಗೈಯನ್ನು ಮೇಜಿನ ಮೇಲೆ ಬೆರಳ ತುದಿಯಲ್ಲಿ ನಿಲ್ಲಿಸಿ, ಮೊದಲು ಹೆಬ್ಬೆರಳು, ಆಮೇಲೆ ಕಿರುಬೆರಳು, ಕೊನೆಗೆ ಅಕ್ಕಪಕ್ಕದ ಎರಡನ್ನೂ ಮಡಚಿಬಿಡುತ್ತಿದ್ದರು. ಉಳಿದ ನಡುಬೆರಳೊಂದೇ ಟಕಟಕ ಎಂದು ಮೇಜಿನ ಉದ್ದಕ್ಕೂ ಓಡುತ್ತಿತ್ತು. ಹಲಸೂರಿನ ನಮ್ಮ ಶಾಲೆಯಲ್ಲಿ ಎ ಸೆಕ್ಷನ್ನಿಗೆ ಜೀವಶಾಸ್ತ್ರ ಹೇಳುತ್ತಿದ್ದ ಮಿಸ್ ಕುದುರೆಯ ವಿಕಾಸವನ್ನು ಕಲಿಸುತ್ತಿದ್ದುದು ಹೀಗೆ. ಬಿ ಸೆಕ್ಷನ್ನಿಗೆ ಅದೇ ಪಾಠ ನನ್ನದು. ಗೋಡೆಯಾಚೆ ಆ ಟಕಟಕ, ಅದರ ಹಿಂದೆಯೇ ಮಕ್ಕಳ ನಗು. ಈಚೆ ನಾನು ಭಾನುವಾರವೆಲ್ಲ ಕೂತು ಬಣ್ಣ ಹಚ್ಚಿದ ಚಾರ್ಟು, ಅದರ ಮುಂದೆ ಆಕಳಿಕೆ.

ಹೊಟ್ಟೆ ಉರಿಯುತ್ತಿತ್ತು. ಬೇರೆಯವರ ಮಕ್ಕಳ ಮಾತಾಗಿದ್ದರೆ ಸಹಿಸಿಕೊಳ್ಳುತ್ತಿದ್ದೆನೇನೋ. ಆ ಸೆಕ್ಷನ್ನಿನಲ್ಲಿ ನನ್ನ ಮಗಳೂ ಇದ್ದಳು. ಟೀಚರುಗಳ ಮಕ್ಕಳು ತಾಯಿಯ ತರಗತಿಯಲ್ಲಿ ಕೂರುವಂತಿಲ್ಲ ಎಂಬುದು ಶಾಲೆಯ ನಿಯಮ. ಮರ್ಫಿ ಟೌನಿನ ನಮ್ಮ ಮನೆಯಲ್ಲಿ ಅನ್ನ ಕಲಸುತ್ತ ಶುರುಮಾಡುತ್ತಿದ್ದಳು.

"ಅಮ್ಮ, ಕುದುರೆ ಮೊದ್ಲು ನಾಯಿಯಷ್ಟೇ ಇತ್ತಂತೆ. ಕಾಡಲ್ಲಿ ಎಲೆ ತಿನ್ಕೊಂಡಿತ್ತಂತೆ. ಮಿಸ್ ಹೇಳಿದ್ರು."

"ನಂಗೂ ಗೊತ್ತು ಕಣೇ. ನಾನೂ ಅದೇ ಪಾಠ ಮಾಡ್ತೀನಿ."

"ನೀನು ಮಾಡಿದ್ರೆ ಪಾಠ ಥರ ಇರುತ್ತೆ."

ಹಿತ್ತಲ ಗಿಡ ಮದ್ದಲ್ಲ ಎಂದು ಸಮಾಧಾನ ಮಾಡಿಕೊಳ್ಳಲು ನೋಡಿದೆ. ಆಗಲಿಲ್ಲ.

ಮಿಸ್ ಅವರ ಮನೆ ಫ್ರೇಜರ್ ಟೌನಿನಲ್ಲಿ, ಮನೆಮಾತು ದಖನಿ ಉರ್ದು. ಮದುವೆಯಾಗಿರಲಿಲ್ಲ. ಬುರ್ಖಾ ಮಡಿಸಿ ಸ್ಟಾಫ್ ರೂಮಿನ ಕುರ್ಚಿಯ ಮೇಲಿಟ್ಟು, ತಂದ ಬನ್ನನ್ನು ಎಲ್ಲರಿಗೂ ಮುರಿದು ಕೊಟ್ಟೇ ತಾವು ತಿನ್ನುತ್ತಿದ್ದರು. ದ್ವೇಷಿಸೋಣವೆಂದರೆ ಅದಕ್ಕೂ ಜಾಗ ಕೊಡದ ಹೆಂಗಸು. ಓಡಬೇಕೆಂದು ಕುದುರೆ ಬೆರಳು ಬಿಟ್ಟಿತು ಎಂದು ಯಾರಾದರೂ ಬರೆದರೆ ಮಾತ್ರ ರೇಗುತ್ತಿದ್ದರು. "ಬೇಕು ಅಂದ್ರೆ ಬರಲ್ಲ ಬೇಟಾ. ಕಾಡು ಕಮ್ಮಿಯಾಗಿ ಹುಲ್ಲುಗಾವಲು ಬಂತು. ಅಲ್ಲಿ ಜೋರಾಗಿ ಓಡೋವು ಬದುಕಿದ್ವು, ಮರಿ ಹಾಕಿದ್ವು. ಒರಟು ಹುಲ್ಲು ಅಗಿಯೋಕೆ ಉದ್ದ ಹಲ್ಲಿದ್ದೋವು ಉಳ್ಕೊಂಡ್ವು. ಅಷ್ಟೇ."

ಶಿವಾಜಿನಗರದಲ್ಲಿ ಅವರ ಚಿಕ್ಕಪ್ಪನ ಮಗ ಮದುವೆ ಮೆರವಣಿಗೆಗೆಂದು ಕುದುರೆ ಸಾಕಿದ್ದ. ಒಂದು ಶನಿವಾರ ಮಕ್ಕಳನ್ನು ಅಲ್ಲಿಗೆ ಕರೆದೊಯ್ದರು; ಜೊತೆಗೆ ನಾನು. ಬೀದಿನಾಯಿಗೂ ಹೆದರುವ ನನ್ನ ಮಗಳು ಆ ಬಿಳಿ ಕುದುರೆಯನ್ನು ಕಂಡದ್ದೇ ನನ್ನ ಸೆರಗಿನ ಹಿಂದೆ ಬಂದು ನಿಂತಳು. ಒಳಗೊಳಗೇ ಖುಷಿಯಾಯಿತು. ಅಷ್ಟರಲ್ಲಿ ಮಿಸ್ "ಬಾ" ಎಂದರು. ಹೋಗಿಯೇಬಿಟ್ಟಳು. ಅವಳ ಕೈಯನ್ನು ಕುದುರೆಯ ಮುಂಗಾಲಿಗೆ, ಮಂಡಿಯ ಕೆಳಗೆ ದಪ್ಪ ಎಲುಬಿನ ಪಕ್ಕಕ್ಕೆ ಒತ್ತಿ, "ಸಣ್ಣ ಕಡ್ಡಿ ಥರ ಸಿಗುತ್ತಾ? ಹೋಯ್ತು ಅಂದ್ವಲ್ಲ, ಆ ಬೆರಳಿನ ಬುಡ ಇದು. ಇನ್ನೂ ಇಟ್ಕೊಂಡಿದೆ ನೋಡು" ಎಂದರು. ಮಗಳ ಮುಖ ನೋಡಿದೆ. ಹೆತ್ತ ನನಗೇ ಆ ಮುಖ ಹೊಸದು.

ವಾಪಸು ಬರುವಾಗ ತಡೆಯಲಾರದೆ, ನಗುನಗುತ್ತಲೇ ಹೇಳಿದೆ. "ಇವಳನ್ನ ನೀವೇ ಇಟ್ಕೊಂಡ್ಬಿಡಿ ಮಿಸ್."

ಅವರು ನಗಲಿಲ್ಲ. "ಹಂಗೆಲ್ಲ ಹೇಳ್ಬೇಡಿ ಮೇಡಂ. ನಂಗೆ ಆಸೆ ಆಗ್ಬಿಡುತ್ತೆ."

ಮಗಳು ಪಶುವೈದ್ಯೆಯಾದಳು. ಈಗ ಕುದುರೆಗಳನ್ನೇ ನೋಡುತ್ತಾಳೆ. ಸೀಟು ಸಿಕ್ಕಾಗಲೂ ಕೆಲಸ ಸಿಕ್ಕಾಗಲೂ ಅವಳ ಮೊದಲ ಫೋನು ಹೋದದ್ದು ಫ್ರೇಜರ್ ಟೌನಿಗೆ. ಎರಡನೆಯದು ನನಗೆ.

ಹೋದ ವರ್ಷ ಮಿಸ್ ಹೃದಯಾಘಾತದಿಂದ ತೀರಿಕೊಂಡರು. ನಾನೂ ಮಗಳೂ ಹೋದೆವು. ಹೆಂಗಸರ ನಡುವೆ ಚಾಪೆಯ ಮೇಲೆ ಕುಳಿತು ಅವಳು ಬಿಕ್ಕಿ ಬಿಕ್ಕಿ ಅತ್ತಳು. ಅವಳಪ್ಪ ಹೋದಾಗಲೂ ಹಾಗೆ ಅತ್ತಿರಲಿಲ್ಲ. ಅಂಥ ಹೊತ್ತಿನಲ್ಲೂ ನಾನು ಅದನ್ನು ಗಮನಿಸಿದೆ. ಕೋಲಾರದಿಂದ ಬಂದಿದ್ದ ಮಿಸ್ ಅವರ ಅಕ್ಕ, ನಮ್ಮನ್ನು ಎಂದೂ ನೋಡದವರು, ಅವಳಿಗೆ ನೀರು ಕೊಟ್ಟು ನನ್ನತ್ತ ತಿರುಗಿ ಕೇಳಿದರು. "ನಮ್ಮ ತಂಗಿ ಯಾವಾಗ್ಲೂ 'ನನಗೊಬ್ಳು ಮಗಳಿದಾಳೆ, ಕುದುರೆ ಡಾಕ್ಟ್ರು' ಅಂತಿದ್ಲು. ಇವಳೇನಾ?"

ನನ್ನ ಮಗಳು ಎಂಬ ಮಾತು ನಾಲಗೆಯ ತುದಿಗೇ ಬಂದಿತ್ತು.

"ಹೂಂ, ಇವಳೇ" ಎಂದೆ. ಆ ಒಂದು ದಿನದ ಮಟ್ಟಿಗೆ ಬಿಟ್ಟುಕೊಟ್ಟೆ, ಅಷ್ಟೇ.